ಬಾಗಿಲು ತಡೆಯುವ ಪೆಟ್ಟಿಗೆ

ಮದುವೆ ಮುಗಿಸಿ ಮನೆಗೆ ಬಂದ ಹೊಸ ಜೋಡಿಯನ್ನು ಹೊಸ್ತಿಲಲ್ಲೇ ನಾದಿನಿ ಅಡ್ಡಗಟ್ಟುತ್ತಾಳೆ. ‘ಗಂಡನ ಹೆಸರು ಹೇಳು, ಆಮೇಲೆ ಒಳಗೆ ಬಾ’ ಎನ್ನುತ್ತಾಳೆ. ಹೆಸರು ಹೇಳುವ ತನಕ ಸೇರಕ್ಕಿ ಒದೆಯುವಂತಿಲ್ಲ, ಒಳಗೆ ಕಾಲಿಡುವಂತಿಲ್ಲ. ಒಳಗಿನವರೂ ಕಾಯಬೇಕು, ಹೊರಗಿನವರೂ ಕಾಯಬೇಕು. ಒಂದು ಪ್ರಶ್ನೆ, ಒಂದು ಉತ್ತರ. ಅಲ್ಲಿಯವರೆಗೆ ಉಳಿದ ವ್ಯವಹಾರವೆಲ್ಲ ಬಂದ್.

ಕಂಪ್ಯೂಟರಿನ ಪರದೆಯ ಮೇಲೂ ಇಂಥ ನಾದಿನಿಯರಿದ್ದಾರೆ. ಪರೀಕ್ಷೆಯ ಅರ್ಜಿಯನ್ನೋ ಸ್ಕಾಲರ್‌ಷಿಪ್ ಅರ್ಜಿಯನ್ನೋ ತುಂಬುತ್ತಿರುತ್ತೀರಿ. ಯಾವುದೋ ಗುಂಡಿ ಒತ್ತಿದ್ದೇ ತಡ, ಇಡೀ ಪುಟಕ್ಕೆ ಗ್ರಹಣ ಹಿಡಿದಂತೆ ಮಬ್ಬು ಕವಿಯುತ್ತದೆ. ನಟ್ಟನಡುವೆ ಬೆಳ್ಳಗಿನ ಪೆಟ್ಟಿಗೆಯೊಂದು ಬಂದು ನಿಲ್ಲುತ್ತದೆ. ಅದರಲ್ಲಿ ಒಂದು ಚಕ್ರ ಗಿರಗಿರನೆ ತಿರುಗಿ, ಆಮೇಲೆ ಏನೋ ವಿವರ ಮೂಡುತ್ತದೆ. ಹಿಂದಿನ ಪುಟ ಕಾಣುತ್ತದೆ, ಆದರೆ ಮುಟ್ಟಿದರೆ ಮಿಸುಕುವುದಿಲ್ಲ. ಪೆಟ್ಟಿಗೆಗೆ ಉತ್ತರ ಕೊಟ್ಟ ಮೇಲೆಯೇ ಬಿಡುಗಡೆ.

ಕಂಪ್ಯೂಟರ್ ಬಲ್ಲವರು ಇದನ್ನು ‘ಮೋಡಲ್ ಡಯಲಾಗ್’ ಎನ್ನುತ್ತಾರೆ. ನಾವು ಪೆಟ್ಟಿಗೆ ಎಂದೇ ಕರೆಯೋಣ. ಇದರಲ್ಲಿ ಎರಡು ಕೌತುಕಗಳಿವೆ. ಮೊದಲನೆಯದು, ಅದು ನಿಮ್ಮನ್ನು ತಡೆದು ನಿಲ್ಲಿಸುವುದು. ಎರಡನೆಯದು, ಅದರೊಳಗಿನ ವಿವರ ಮೊದಲು ಆ ಪುಟದಲ್ಲಿ ಇರಲೇ ಇಲ್ಲ ಎನ್ನುವುದು. ನೀವು ಗುಂಡಿ ಒತ್ತಿದ ಮೇಲೆ, ಎಲ್ಲೋ ದೂರದ ಕಂಪ್ಯೂಟರಿನಿಂದ ಅದು ಓಡೋಡಿ ಬಂತು. ಈ ಎರಡೂ ಸರಿಯಾಗಿ ಕೂಡಿದರೆ ಕೆಲಸ ಸಲೀಸು. ಕೂಡದಿದ್ದರೆ ಅರ್ಧ ಗಂಟೆ ಕುಳಿತು ತುಂಬಿದ ಅರ್ಜಿ ಗಾಳಿಗೆ ಹೋಗಬಹುದು. ಇನ್ನೊಬ್ಬರ ಅಂಕ ನಿಮ್ಮ ಹೆಸರಿನ ಕೆಳಗೆ ಕಾಣಲೂಬಹುದು. ಅದು ಹೇಗೆ ಎಂಬುದನ್ನು ಮುಂದೆ ನೋಡೋಣ. ಅದಕ್ಕೆ ಮೊದಲು, ಪೆಟ್ಟಿಗೆಯ ಪೂರ್ವಾಪರ.

ಎಡಿಟ್ ಎಂದು ಬರೆಯಹೋಗಿ…

‘ಮೋಡಲ್’ ಎಂಬ ಶಬ್ದದಲ್ಲಿರುವುದು ‘ಮೋಡ್’. ಅಂದರೆ ಯಂತ್ರ ಸದ್ಯಕ್ಕೆ ಯಾವ ಸ್ಥಿತಿಯಲ್ಲಿದೆ ಎನ್ನುವುದು. ಒಂದೇ ಗುಂಡಿ ಒಂದು ಸ್ಥಿತಿಯಲ್ಲಿ ಒಂದು ಕೆಲಸ, ಇನ್ನೊಂದು ಸ್ಥಿತಿಯಲ್ಲಿ ಬೇರೆ ಕೆಲಸ ಮಾಡಿದರೆ ಮನುಷ್ಯರಿಗೆ ಗೊಂದಲ. 1970ರ ದಶಕದಲ್ಲಿ ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿದ್ದ ಜೆರಾಕ್ಸ್ ಕಂಪನಿಯ ಪಾರ್ಕ್ ಎಂಬ ಸಂಶೋಧನಾಲಯದಲ್ಲಿ ‘ಬ್ರಾವೊ’ ಎಂಬ ಬರಹದ ತಂತ್ರಾಂಶ ಇತ್ತು. ಅದಕ್ಕೆ ಎರಡು ಸ್ಥಿತಿ: ಆಜ್ಞೆಯ ಸ್ಥಿತಿ, ಬರವಣಿಗೆಯ ಸ್ಥಿತಿ. ಬರೆಯುವ ಸ್ಥಿತಿಯಲ್ಲಿದ್ದೇನೆಂದು ಭ್ರಮಿಸಿ ಯಾರಾದರೂ ‘ಎಡಿಟ್’ ಎಂಬ ನಾಲ್ಕು ಇಂಗ್ಲಿಷ್ ಅಕ್ಷರ ಒತ್ತಿದರೆ ಏನಾಗುತ್ತಿತ್ತು ಗೊತ್ತೆ? ‘ಇ’ ಎಂದರೆ ಎಲ್ಲವನ್ನೂ ಆಯ್ದುಕೋ. ‘ಡಿ’ ಎಂದರೆ ಅಳಿಸು. ‘ಐ’ ಎಂದರೆ ಹೊಸದನ್ನು ಸೇರಿಸು. ಸೇರಿಸುವುದಕ್ಕೆ ಉಳಿದದ್ದು ‘ಟಿ’ ಒಂದೇ. ಬರೆದದ್ದೆಲ್ಲ ಮಾಯವಾಗಿ ಪರದೆಯ ಮೇಲೆ ಒಂಟಿ ‘ಟಿ’ ನಿಂತಿರುತ್ತಿತ್ತು!

ಇದನ್ನೆಲ್ಲ ಕಂಡು ರೋಸಿದವರು ಅಲ್ಲಿದ್ದ ಲ್ಯಾರಿ ಟೆಸ್ಲರ್. ಇಂದು ನಾವು ದಿನಕ್ಕೆ ನೂರು ಸಲ ಮಾಡುವ ಕಟ್, ಕಾಪಿ, ಪೇಸ್ಟ್‌ಗೆ ಈಗಿನ ರೂಪ ಕೊಟ್ಟವರಲ್ಲಿ ಇವರು ಪ್ರಮುಖರು. ಟಿಮ್ ಮಾಟ್ ಎಂಬವರ ಜೊತೆ ಸೇರಿ ‘ಜಿಪ್ಸಿ’ ಎಂಬ ಬೇರೊಂದು ಬರಹದ ತಂತ್ರಾಂಶವನ್ನೇ ಕಟ್ಟಿದರು. ಅದರಲ್ಲಿ ಸ್ಥಿತಿ ಬದಲಿಸುವ ರಗಳೆ ಇರಲಿಲ್ಲ. ಅಕ್ಷರ ಒತ್ತಿದರೆ ಅಕ್ಷರವೇ ಮೂಡುತ್ತಿತ್ತು. ಟೆಸ್ಲರ್ ಅವರಿಗೆ ಇದು ಬರೀ ಕಸುಬಲ್ಲ, ವ್ರತ. ಅವರ ಕಾರಿನ ನಂಬರ್ ಪ್ಲೇಟಿನ ಮೇಲೆ ‘ನೋ ಮೋಡ್ಸ್’ ಎಂದಿತ್ತು. 2020ರ ಫೆಬ್ರವರಿಯಲ್ಲಿ ಅವರು ತೀರಿಕೊಂಡಾಗ ಪ್ರಪಂಚದ ಪತ್ರಿಕೆಗಳೆಲ್ಲ ಕಟ್-ಪೇಸ್ಟ್ ಅನ್ನೇ ನೆನೆದವು. ಅವರ ದೊಡ್ಡ ಮಾತು ಮಾತ್ರ ಇದು: ಯಂತ್ರ ಮನುಷ್ಯನನ್ನು ಒಂದು ಮೂಲೆಗೆ ತಳ್ಳಿ ‘ಈಗ ಇದನ್ನೇ ಮಾಡು’ ಎನ್ನಬಾರದು.

ನಮ್ಮ ಪೆಟ್ಟಿಗೆ ಮಾಡುವುದು ಅದನ್ನೇ. ಹಾಗೆಂದು ಪೆಟ್ಟಿಗೆಯೇ ಬೇಡವೆನ್ನಲಾದೀತೆ? ‘ಈ ಕಡತವನ್ನು ಶಾಶ್ವತವಾಗಿ ಅಳಿಸಲೇ?’ ಎಂದು ಒಮ್ಮೆ ತಡೆದು ಕೇಳುವುದು ಒಳ್ಳೆಯದೇ. ಹಣ ಪಾವತಿಗೆ ಮೊದಲು ಕೇಳುವುದೂ ಸರಿಯೇ. ತಡೆಯುವುದಕ್ಕೆ ಕಾರಣ ಬೇಕು, ತಡೆದವರಿಗೆ ಮರ್ಯಾದೆ ಗೊತ್ತಿರಬೇಕು, ಅಷ್ಟೆ.

ಜಾಲಪುಟಗಳಿಗೆ ಈ ಅಧಿಕಾರ ಬಂದದ್ದು ಜಾವಾಸ್ಕ್ರಿಪ್ಟ್‌ನಿಂದ. 1995ರ ಮೇ ತಿಂಗಳಲ್ಲಿ ನೆಟ್‌ಸ್ಕೇಪ್ ಕಂಪನಿಯ ಬ್ರೆಂಡನ್ ಐಕ್ ಹತ್ತೇ ದಿನಗಳಲ್ಲಿ ಇದರ ಮೊದಲ ರೂಪವನ್ನು ಹೊಸೆದರು. ಅದು ಜನರ ಕೈಗೆ ಬಂದಾಗಲೇ ಮೂರು ಪುಟ್ಟ ಪೆಟ್ಟಿಗೆಗಳು ಜೊತೆಗಿದ್ದವು. ‘ಅಲರ್ಟ್’ ಎನ್ನುವುದು ಸುದ್ದಿ ಹೇಳಿ ಸುಮ್ಮನಾಗುತ್ತದೆ. ‘ಕನ್‌ಫರ್ಮ್’ ಹೌದೋ ಅಲ್ಲವೋ ಕೇಳುತ್ತದೆ. ‘ಪ್ರಾಂಪ್ಟ್’ ಒಂದು ಸಾಲು ಬರೆಸಿಕೊಳ್ಳುತ್ತದೆ. ಮೂರಕ್ಕೂ ಅಂದ-ಚಂದ ಇಲ್ಲ, ಒಳಗೆ ಚಿತ್ರ ಹಾಕುವಂತಿಲ್ಲ, ಕೋಷ್ಟಕ ಹಾಕುವಂತಿಲ್ಲ. ಹಾಗಾಗಿ ಜನ ಬೇರೆ ದಾರಿ ಹುಡುಕಿದರು. ಹೊಸ ಕಿಟಕಿಯನ್ನೇ ತೆರೆದರು, ಅದೇ ಪಾಪ್-ಅಪ್. ಅದನ್ನು ಜಾಹೀರಾತಿನವರು ಹಿಡಿದುಕೊಂಡದ್ದೇ ಅನರ್ಥವಾಯಿತು. ಪಾಪ್-ಅಪ್ ಜಾಹೀರಾತಿಗೆ ಮೊದಲ ಸಂಕೇತ ಬರೆದವರಲ್ಲಿ ಒಬ್ಬರಾದ ಈಥನ್ ಝುಕರ್‌ಮನ್ 2014ರಲ್ಲಿ ಬಹಿರಂಗವಾಗಿ ಜನರ ಕ್ಷಮೆ ಕೇಳಿದರು ಎಂದರೆ ನೀವೇ ಊಹಿಸಿ. ಅಷ್ಟರಲ್ಲಾಗಲೇ ಬ್ರೌಸರುಗಳು ಪಾಪ್-ಅಪ್‌ಗಳಿಗೆ ಕದ ಹಾಕಿದ್ದವು. ವಿಂಡೋಸ್ ಎಕ್ಸ್‌ಪಿಯ ಎರಡನೆಯ ಸರ್ವೀಸ್ ಪ್ಯಾಕಿನೊಂದಿಗೆ 2004ರಲ್ಲಿ ಇಂಟರ್‌ನೆಟ್ ಎಕ್ಸ್‌ಪ್ಲೋರರ್ ಕೂಡ ತಡೆ ಒಡ್ಡಿತು. ಹೊರಗೆ ಕಿಟಕಿ ತೆರೆಯಲು ಬಿಡದಿದ್ದರೆ ಒಳಗೇ ತೆರೆದರಾಯಿತು ಎಂದುಕೊಂಡರು ಪುಟ ಕಟ್ಟುವವರು. ಪುಟದ ಮೇಲೆಯೇ ಮಬ್ಬು ಬಳಿದು, ಅದರ ಮೇಲೆ ಪೆಟ್ಟಿಗೆ ಇಡುವ ರೂಢಿ ಹಬ್ಬಿದ್ದು ಹೀಗೆ.

ಎಲೆ ಎತ್ತದೆ ಸಾರು ಬಡಿಸಿ

ಪೆಟ್ಟಿಗೆಯೇನೋ ಬಂತು. ಅದರೊಳಗೆ ತುಂಬುವ ಸರಕು?

ಹಿಂದೆ ಜಾಲಪುಟದಲ್ಲಿ ಏನೇ ಬದಲಾಗಬೇಕಿದ್ದರೂ ಇಡೀ ಪುಟವನ್ನೇ ಮತ್ತೆ ತರಿಸಬೇಕಿತ್ತು. ಪಂಕ್ತಿಯಲ್ಲಿ ಊಟಕ್ಕೆ ಕುಳಿತವರು ‘ಇನ್ನೊಂದು ಸ್ವಲ್ಪ ಸಾರು’ ಎಂದಾಗ, ಬಡಿಸುವವರು ಎಲೆಯನ್ನೇ ಎತ್ತಿ, ಹೊಸ ಎಲೆ ಹಾಸಿ, ಉಪ್ಪು, ಉಪ್ಪಿನಕಾಯಿ, ಕೋಸಂಬರಿ, ಪಲ್ಯ ಎಂದು ಮೊದಲಿನಿಂದ ಶುರು ಮಾಡಿ ಕೊನೆಗೆ ಸಾರು ತಂದ ಹಾಗೆ! ತಿನ್ನುತ್ತಿದ್ದ ಹೋಳಿಗೆ ಆ ಗಲಾಟೆಯಲ್ಲಿ ಹೋಯಿತು ಎನ್ನಿ. ಟೆಲಿಫೋನ್ ತಂತಿಯ ಮೂಲಕ ಇಂಟರ್‌ನೆಟ್ ಬರುತ್ತಿದ್ದ ಕಾಲದ ಸೈಬರ್ ಕೆಫೆಯಲ್ಲಿ ಗಂಟೆಗಿಷ್ಟು ಎಂದು ಹಣ ಕೊಟ್ಟು ಕುಳಿತವರಿಗೆ ಈ ಕಷ್ಟ ಚೆನ್ನಾಗಿ ನೆನಪಿದ್ದೀತು.

ಎಲೆ ಎತ್ತದೆ ಸಾರು ಮಾತ್ರ ಬಡಿಸುವ ಉಪಾಯ ಹುಟ್ಟಿದ್ದು ಮೈಕ್ರೋಸಾಫ್ಟ್‌ನಲ್ಲಿ. ಔಟ್‌ಲುಕ್ ಇ-ಮೇಲನ್ನು ಬ್ರೌಸರಿನಲ್ಲೇ ಓದುವ ವ್ಯವಸ್ಥೆ ಕಟ್ಟುತ್ತಿದ್ದ ತಂಡಕ್ಕೆ ಪುಟ ಬದಲಿಸದೆ ಹೊಸ ಅಂಚೆ ತರಿಸುವ ಅಗತ್ಯ ಬಿತ್ತು. ಅಲೆಕ್ಸ್ ಹಾಪ್‌ಮನ್ ಅದಕ್ಕೊಂದು ತುಣುಕು ಬರೆದರು. ಅದು ಇಂಟರ್‌ನೆಟ್ ಎಕ್ಸ್‌ಪ್ಲೋರರ್ ಐದನೇ ಆವೃತ್ತಿಯೊಂದಿಗೆ 1999ರಲ್ಲಿ ಹೊರಬಿತ್ತು. ಆಗ ಎಕ್ಸ್‌ಎಂಎಲ್ ಎಂಬುದರ ಭರಾಟೆ ಜೋರಾಗಿತ್ತು. ಆ ತಂತ್ರಾಂಶದ ಕಟ್ಟಿನೊಳಗೆ ತೂರಿದರೆ ಬೇಗ ಬಿಡುಗಡೆಯಾಗುತ್ತದೆಂದು ಹೆಸರಿಗೂ ಎಕ್ಸ್‌ಎಂಎಲ್ ಅಂಟಿಸಿದರು. ಮಾಡುವ ಕೆಲಸಕ್ಕೂ ಎಕ್ಸ್‌ಎಂಎಲ್‌ಗೂ ಅಂಥ ನಂಟೇನಿಲ್ಲ. ಇಂದಿಗೂ ವಿದ್ಯಾರ್ಥಿಗಳು ‘ಎಕ್ಸ್‌ಎಂಎಲ್‌ಎಚ್‌ಟಿಟಿಪಿ ರಿಕ್ವೆಸ್ಟ್’ ಎಂಬ ಮಾರುದ್ದದ ಹೆಸರನ್ನು ಬಾಯಿಪಾಠ ಮಾಡುತ್ತಿರುವುದು ಇದರಿಂದಾಗಿ.

ಐದಾರು ವರ್ಷ ಈ ಉಪಾಯ ಹೆಚ್ಚು ಜನರ ಕಣ್ಣಿಗೆ ಬೀಳಲಿಲ್ಲ. 2004ರಲ್ಲಿ ಜಿಮೇಲ್ ಬಂತು, 2005ರ ಫೆಬ್ರವರಿಯಲ್ಲಿ ಗೂಗಲ್ ಮ್ಯಾಪ್ಸ್ ಬಂತು. ನಕ್ಷೆಯನ್ನು ಎಳೆದರೆ ಪಕ್ಕದ ಊರು ತಾನೇ ಬಂದು ಕೂಡಿಕೊಳ್ಳುತ್ತಿತ್ತು, ಪುಟ ಅಲ್ಲಾಡುತ್ತಿರಲಿಲ್ಲ. ಅದೇ ತಿಂಗಳು ಜೆಸ್ಸಿ ಜೇಮ್ಸ್ ಗ್ಯಾರೆಟ್ ಎಂಬವರು ಈ ಪದ್ಧತಿಗೆ ‘ಅಜಾಕ್ಸ್’ ಎಂದು ನಾಮಕರಣ ಮಾಡಿದರು. ಮಗು ಹುಟ್ಟಿ ಆರು ವರ್ಷಕ್ಕೆ ನಾಮಕರಣ! 2006ರಲ್ಲಿ ಜಾನ್ ರೆಸಿಗ್ ಅವರ ‘ಜೆಕ್ವೆರಿ’ ಬಂದ ಮೇಲೆ ಇದು ಒಂದೇ ಸಾಲಿನ ಕೆಲಸವಾಯಿತು. ‘ಲೋಡ್’ ಎಂದು ಬರೆದು ವಿಳಾಸ ಕೊಟ್ಟರೆ ಸರಕು ತಾನೇ ಬಂದು ಪೆಟ್ಟಿಗೆಯಲ್ಲಿ ಕೂರುತ್ತಿತ್ತು. 2015ರಿಂದೀಚೆಗೆ ಬ್ರೌಸರುಗಳಲ್ಲೇ ‘ಫೆಚ್’ ಎಂಬ ಸರಳ ಆಜ್ಞೆ ಇದೆ. ಹೆಸರೇ ಹೇಳುವಂತೆ, ‘ಹೋಗಿ ತಾ’.

ಈಗ ಒಂದು ಉದಾಹರಣೆ ಕಟ್ಟಿಕೊಳ್ಳೋಣ. ನಿಮ್ಮ ಕಾಲೇಜಿಗೆ ಒಂದು ಅಂಕಪಟ್ಟಿಯ ಪುಟ ಬೇಕು ಎನ್ನಿ. ತರಗತಿಯಲ್ಲಿ ಅರವತ್ತು ವಿದ್ಯಾರ್ಥಿಗಳು. ಪುಟದಲ್ಲಿ ಕ್ರಮಸಂಖ್ಯೆ ಮಾತ್ರ ಇರುತ್ತದೆ. ಸಂಖ್ಯೆಯ ಮೇಲೆ ಒತ್ತಿದರೆ ಪೆಟ್ಟಿಗೆ ತೆರೆದು ಆ ವಿದ್ಯಾರ್ಥಿಯ ಅಂಕ ಕಾಣಬೇಕು. ಉಪಾಧ್ಯಾಯರು ಒಬ್ಬೊಬ್ಬರದೇ ನೋಡುತ್ತ ಹೋಗುತ್ತಾರೆ. ಅರವತ್ತೂ ಅಂಕಪಟ್ಟಿಗಳನ್ನು ಮೊದಲೇ ಪುಟಕ್ಕೆ ತುರುಕಿದರೆ ಭಾರ. ಒಂದೊಂದಕ್ಕೂ ಬೇರೆ ಪುಟ ಮಾಡಿದರೆ ಹಿಂದೆ-ಮುಂದೆ ಓಡಾಟ. ಬೇಕಾದಾಗ ಬೇಕಾದ್ದನ್ನು ತರಿಸುವುದೇ ಲೇಸು.

ನಡೆಯುವುದು ಹೀಗೆ. ನೀವು 12 ಎಂಬ ಸಂಖ್ಯೆಯನ್ನು ಒತ್ತುತ್ತೀರಿ. ಅದೊಂದು ಕೊಂಡಿ, ಸ್ವಭಾವತಃ ಬೇರೆ ಪುಟಕ್ಕೆ ಹೊರಟುಬಿಡುತ್ತದೆ. ಜಾವಾಸ್ಕ್ರಿಪ್ಟ್ ಅದನ್ನು ‘ತಾಳು’ ಎಂದು ತಡೆಯುತ್ತದೆ. ಖಾಲಿ ಪೆಟ್ಟಿಗೆ ತೆರೆದು ‘ತರಿಸುತ್ತಿದ್ದೇವೆ’ ಎಂದು ಬರೆಯುತ್ತದೆ. ಕೊಂಡಿಯ ವಿಳಾಸ ಹಿಡಿದು ‘ಫೆಚ್’ ಹೊರಡುತ್ತದೆ. ಇಲ್ಲೊಂದು ಸೂಕ್ಷ್ಮ ಇದೆ: ಫೆಚ್ ಹೋದವನ ದಾರಿ ಕಾಯುತ್ತ ಬ್ರೌಸರ್ ಕೂರುವುದಿಲ್ಲ. ತನ್ನ ಉಳಿದ ಕೆಲಸ ನೋಡಿಕೊಳ್ಳುತ್ತಿರುತ್ತದೆ. ಉತ್ತರ ಬಂದಾಗ, ಅದು ಸರಿಯಾಗಿದೆಯೇ ಎಂದು ನೋಡಿ, ಪಠ್ಯವನ್ನು ಬಿಚ್ಚಿ, ಪೆಟ್ಟಿಗೆಯೊಳಗೆ ಇಡಬೇಕು. ಮುಚ್ಚುವ ಗುಂಡಿ ಒತ್ತಿದಾಗ ಪೆಟ್ಟಿಗೆ ಹೋಗಬೇಕು, ನೀವು ಮೊದಲಿದ್ದ 12ರ ಮೇಲೆಯೇ ಮತ್ತೆ ನಿಲ್ಲಬೇಕು.

ಬರೆದರೆ ಹದಿನೈದು-ಇಪ್ಪತ್ತು ಸಾಲು. ಪಿಯುಸಿ ವಿದ್ಯಾರ್ಥಿ ಒಂದು ಭಾನುವಾರದಲ್ಲಿ ಕಲಿಯಬಹುದು. ಹಾಗಾದರೆ ತೊಂದರೆ ಎಲ್ಲಿ?

ಹನ್ನೆರಡರ ಪೆಟ್ಟಿಗೆಯಲ್ಲಿ ಹನ್ನೊಂದರ ಅಂಕ

ತೊಂದರೆ ಕಾಲದಲ್ಲಿದೆ. ಉಪಾಧ್ಯಾಯರು ಅವಸರದಲ್ಲಿ 11 ಒತ್ತಿದರು, ತಪ್ಪಾಯಿತೆಂದು ಪೆಟ್ಟಿಗೆ ಮುಚ್ಚಿ ತಕ್ಷಣ 12 ಒತ್ತಿದರು ಎನ್ನಿ. ಇಬ್ಬರು ಆಳುಗಳು ಓಡಿದರು. ಮೊದಲು ಹೊರಟವನೇ ಮೊದಲು ಬರಬೇಕೆಂಬ ನಿಯಮ ಇಂಟರ್‌ನೆಟ್ಟಿನಲ್ಲಿ ಇಲ್ಲ. 12ರ ಉತ್ತರ ಬೇಗ ಬಂತು, ಪೆಟ್ಟಿಗೆಯಲ್ಲಿ ಕುಳಿತಿತು. ಮರುಕ್ಷಣ 11ರ ಉತ್ತರ ಏದುಸಿರು ಬಿಡುತ್ತ ಬಂದು, ಅದನ್ನು ಎಬ್ಬಿಸಿ ತಾನು ಕುಳಿತುಬಿಟ್ಟಿತು. ತಲೆಬರಹ 12, ಕೆಳಗಿನ ಅಂಕ 11ರದು! ಪರದೆಯ ಮೇಲೆ ಎಲ್ಲವೂ ನೀಟಾಗಿ ಕಾಣುತ್ತದೆ, ಎಲ್ಲೂ ದೋಷದ ಸೂಚನೆ ಇಲ್ಲ. ಹಳ್ಳಿಯ ಕಾಲೇಜಿನ ನಿಧಾನದ ನೆಟ್‌ವರ್ಕಿನಲ್ಲಿ ಹೀಗಾಗುವ ಸಂಭವ ಹೆಚ್ಚು. ಬೆಂಗಳೂರಿನ ವೇಗದ ಸಂಪರ್ಕದಲ್ಲಿ ಕುಳಿತು ಪರೀಕ್ಷಿಸಿದವರ ಕಣ್ಣಿಗೆ ಇದು ಬೀಳುವುದೇ ಇಲ್ಲ.

ಪರಿಹಾರ ಕಷ್ಟದ್ದಲ್ಲ. ಹೊಸ ಆಳು ಹೊರಡುವಾಗ ಹಳೆಯವನನ್ನು ವಾಪಸು ಕರೆಸಿಕೊಳ್ಳಬೇಕು. ಅದಕ್ಕೆ ‘ಅಬಾರ್ಟ್ ಕಂಟ್ರೋಲರ್’ ಎಂಬ ಸಾಧನ ಬ್ರೌಸರಿನಲ್ಲೇ ಇದೆ. ಇಲ್ಲವೆ, ಬಂದ ಉತ್ತರದ ಸಂಖ್ಯೆ, ಈಗ ಕೇಳಿರುವ ಸಂಖ್ಯೆ ಎರಡೂ ಒಂದೇ ಎಂದು ತಾಳೆ ನೋಡಿ, ಅಲ್ಲವಾದರೆ ಎಸೆಯಬೇಕು. ಎರಡು ಸಾಲಿನ ಕೆಲಸ. ಎಷ್ಟೋ ಪುಟಗಳಲ್ಲಿ ಆ ಎರಡು ಸಾಲು ಇರುವುದಿಲ್ಲ.

ಪಳಗಿದವರೂ ಇಲ್ಲಿ ಎಡವಿದ್ದಾರೆ. ಟ್ವಿಟರ್‌ನ ಇಬ್ಬರು ನೌಕರರು ಕಟ್ಟಿ 2011ರಲ್ಲಿ ಬಿಡುಗಡೆ ಮಾಡಿದ ‘ಬೂಟ್‌ಸ್ಟ್ರ್ಯಾಪ್’ ಎಂಬ ಸಿದ್ಧ ಸಾಮಗ್ರಿಯನ್ನು ಲಕ್ಷಾಂತರ ಜಾಲತಾಣಗಳು ಬಳಸಿವೆ. ಅದರ ಮೂರನೆಯ ಆವೃತ್ತಿಯ ಪೆಟ್ಟಿಗೆಯಲ್ಲಿ ‘ರಿಮೋಟ್’ ಎಂಬ ಸೌಲಭ್ಯವಿತ್ತು. ವಿಳಾಸ ಕೊಟ್ಟರೆ ಪೆಟ್ಟಿಗೆಯೇ ಸರಕು ತರಿಸಿಕೊಳ್ಳುತ್ತಿತ್ತು. ಆದರೆ ಒಂದೇ ಒಂದು ಸಲ! ಮೊದಲು 11 ಒತ್ತಿದಿರಾ, ಸರಿ. ಆಮೇಲೆ ಅದೇ ಪೆಟ್ಟಿಗೆಗೆ ಜೋಡಿಸಿದ 12, 13, 14 ಏನೇ ಒತ್ತಿದರೂ 11ರದೇ ದರ್ಶನ. ಹಾಗೆಂದು ಕೈಪಿಡಿಯಲ್ಲಿ ಬರೆದೇ ಇತ್ತು. ಆದರೆ ಕೈಪಿಡಿ ಓದುವ ವ್ಯವಧಾನ ಯಾರಿಗಿದೆ? ಪ್ರಪಂಚದಾದ್ಯಂತ ಕಲಿಯುವ ಹುಡುಗರು ತಲೆ ಕೆರೆದುಕೊಂಡರು. ಕೊನೆಗೆ ಕಟ್ಟಿದವರೇ ಆ ಸೌಲಭ್ಯವನ್ನು ಬಳಸಬೇಡಿ ಎಂದರು. 2018ರಲ್ಲಿ ಬಂದ ನಾಲ್ಕನೆಯ ಆವೃತ್ತಿಯಿಂದ ಅದನ್ನು ತೆಗೆದೇ ಹಾಕಿದರು. ಸರಕು ತರುವ ಹೊಣೆ ಮತ್ತೆ ಬರೆಯುವವರ ಹೆಗಲಿಗೇ ಬಂತು. ನನ್ನನ್ನು ಕೇಳಿದರೆ, ಅದೇ ಸರಿ.

ಇನ್ನೊಂದು ಜಾಗ ಇದೆ, ಇಲ್ಲಿ ಹೆಚ್ಚು ಮಂದಿ ಜಾರುತ್ತಾರೆ. ಕೇಳಿದ ಪುಟ ಇಲ್ಲ ಎಂದು ಸರ್ವರ್ ಹೇಳಿದರೆ (ಅದೇ ಪ್ರಸಿದ್ಧ 404) ಫೆಚ್ ಅದನ್ನು ಸೋಲೆಂದು ಎಣಿಸುವುದಿಲ್ಲ. ‘ಹೋಗಿದ್ದೆ, ಉತ್ತರ ತಂದಿದ್ದೇನೆ’ ಎಂದು ಹಲ್ಲು ಕಿರಿಯುತ್ತದೆ. ಉತ್ತರ ಏನು ಎಂದು ಬಿಚ್ಚಿ ನೋಡುವುದು ಅದರ ಕೆಲಸವಲ್ಲ. ‘ಅಂಗಡಿಗೆ ಹೋಗಿ ಸಕ್ಕರೆ ತಾ’ ಎಂದರೆ ಹೋಗಿ ಬಂದು ‘ಅಂಗಡಿ ಮುಚ್ಚಿದೆ’ ಎಂಬ ಚೀಟಿಯನ್ನೇ ಡಬ್ಬಿಗೆ ಹಾಕಿಟ್ಟಂತೆ. ತಂತಿಯೇ ಕಡಿದಿದ್ದರೆ, ಸರ್ವರ್ ಸಿಕ್ಕದೇ ಹೋದರೆ ಮಾತ್ರ ಅದು ಸೋತೆ ಎನ್ನುತ್ತದೆ. ಹಾಗಾಗಿ ಬಂದ ಉತ್ತರದ ‘ಓಕೆ’ ಎಂಬ ಗುಣವನ್ನು ನಾವೇ ನೋಡಬೇಕು. ಇದನ್ನೂ ಮೀರಿಸಿದ್ದು ಇನ್ನೊಂದಿದೆ. ನೀವು ಲಾಗಿನ್ ಆಗಿ ಬಹಳ ಹೊತ್ತಾಗಿ ಅವಧಿ ಮುಗಿದಿದ್ದರೆ, ಸರ್ವರ್ ಸದ್ದಿಲ್ಲದೆ ಲಾಗಿನ್ ಪುಟಕ್ಕೆ ದಾರಿ ತಿರುಗಿಸುತ್ತದೆ. ಫೆಚ್ ಅದೇ ದಾರಿಯಲ್ಲಿ ಹೋಗಿ ಆ ಪುಟವನ್ನೇ ಹೊತ್ತು ತರುತ್ತದೆ. ಅಂಕ ಕಾಣಬೇಕಾದ ಪೆಟ್ಟಿಗೆಯಲ್ಲಿ ಇಡೀ ಲಾಗಿನ್ ಪುಟ, ಕಾಲೇಜಿನ ಲಾಂಛನ, ಮೇಲಿನ ಪಟ್ಟಿ ಎಲ್ಲವೂ ಕುಗ್ಗಿಕೊಂಡು ಕುಳಿತಿರುತ್ತವೆ. ನೀವು ಇಂಥದನ್ನು ನೋಡಿರಬಹುದು. ನಿಮ್ಮ ಕಂಪ್ಯೂಟರ್ ಕೆಟ್ಟಿಲ್ಲ. ಬರೆದವರು ಈ ಸಂದರ್ಭವನ್ನು ನೆನೆಸಿಲ್ಲ.

ಮೊಬೈಲಿನಲ್ಲಂತೂ ಪೆಟ್ಟಿಗೆ ಮುಚ್ಚಲು ನಮ್ಮ ಜನ ಒತ್ತುವುದು ಹಿಂದೆ ಹೋಗುವ ಗುಂಡಿಯನ್ನೇ. ಬ್ರೌಸರಿನ ಲೆಕ್ಕದಲ್ಲಿ ಪೆಟ್ಟಿಗೆ ಒಂದು ಪುಟವಲ್ಲ, ಆದ್ದರಿಂದ ಅದು ಇಡೀ ಅರ್ಜಿಯ ಪುಟವನ್ನೇ ಬಿಟ್ಟು ಹಿಂದಕ್ಕೆ ಹೋಗುತ್ತದೆ. ಬಹಳ ಹೊತ್ತು ಕುಳಿತು ತುಂಬಿದ ತಂದೆಯ ಆದಾಯ, ಜಾತಿ ಪ್ರಮಾಣಪತ್ರದ ಸಂಖ್ಯೆ, ವಿಳಾಸ ಎಲ್ಲ ಹೋಯಿತು. ಪೆಟ್ಟಿಗೆ ತೆರೆದಾಗ ಬ್ರೌಸರಿನ ಇತಿಹಾಸದಲ್ಲಿ ಒಂದು ಹೆಜ್ಜೆ ಸೇರಿಸುವ ಉಪಾಯ ಇದೆ; ಹಾಗೆ ಮಾಡಿದರೆ ಹಿಂದಿನ ಗುಂಡಿ ಪೆಟ್ಟಿಗೆಯನ್ನಷ್ಟೇ ಮುಚ್ಚುತ್ತದೆ. ಕನಿಷ್ಠ, ತುಂಬಿದ್ದನ್ನು ನಡುನಡುವೆ ಉಳಿಸಿಕೊಳ್ಳಬೇಕು.

ಯಾರ ಮಾತು ಒಳಗೆ ಬಂತು?

ಹೊರಗಿನಿಂದ ಬಂದ ಪಠ್ಯವನ್ನು ಪೆಟ್ಟಿಗೆಗೆ ಸುರಿಯಲು ಎರಡು ದಾರಿಗಳಿವೆ. ‘ಟೆಕ್ಸ್ಟ್ ಕಂಟೆಂಟ್’ ಎಂದರೆ ಬಂದದ್ದನ್ನು ಬರೀ ಅಕ್ಷರವೆಂದು ತೋರಿಸುತ್ತದೆ. ‘ಇನ್ನರ್ ಎಚ್‌ಟಿಎಂಎಲ್’ ಎಂದರೆ ಬಂದದ್ದನ್ನು ಪುಟದ ಅಂಗವೇ ಎಂದು ಭಾವಿಸಿ ಜೀವ ಕೊಡುತ್ತದೆ. ಎರಡನೆಯದು ಅನುಕೂಲ, ಅದರಲ್ಲೇ ಅಪಾಯ. ಅದರ ಮೂಲಕ ಸುರಿದ ನೇರ ಸ್ಕ್ರಿಪ್ಟುಗಳು ಓಡುವುದಿಲ್ಲ ನಿಜ, ಆದರೆ ‘ಈ ಚಿತ್ರ ಸಿಗದಿದ್ದರೆ ಹೀಗೆ ಮಾಡು’ ಎಂಬಂಥ ಅಡ್ಡದಾರಿಯ ಆಜ್ಞೆಗಳು ಓಡುತ್ತವೆ. ಯಾರೋ ತಮ್ಮ ಹೆಸರಿನ ಜಾಗದಲ್ಲಿ ಹೆಸರಿಗೆ ಬದಲು ಅಂಥ ಆಜ್ಞೆ ಬರೆದಿಟ್ಟರೆ, ಆ ಹೆಸರನ್ನು ತೆರೆದವರ ಬ್ರೌಸರ್ ಅದನ್ನು ಪಾಲಿಸುತ್ತದೆ.

2005ರ ಅಕ್ಟೋಬರಿನಲ್ಲಿ ಹತ್ತೊಂಬತ್ತು ವರ್ಷದ ಸ್ಯಾಮಿ ಕಾಮ್ಕರ್ ಎಂಬ ಅಮೆರಿಕದ ಹುಡುಗ, ಆಗ ಬಲು ಜನಪ್ರಿಯವಾಗಿದ್ದ ‘ಮೈಸ್ಪೇಸ್’ ತಾಣದ ತನ್ನ ಪರಿಚಯ ಪುಟದಲ್ಲಿ ಹೀಗೊಂದು ತುಣುಕು ಇಟ್ಟ. ಅದನ್ನು ನೋಡಿದವರೆಲ್ಲ ತಮಗೆ ತಿಳಿಯದೆಯೇ ಅವನ ಗೆಳೆತನ ಕೋರುತ್ತಿದ್ದರು. ಅಷ್ಟೇ ಅಲ್ಲ, ಅವರ ಪುಟಕ್ಕೂ ಆ ತುಣುಕು ಅಂಟುತ್ತಿತ್ತು. ಪುಟ ಬದಲಿಸದೆ ಹಿನ್ನೆಲೆಯಲ್ಲಿ ಸರ್ವರಿನ ಜೊತೆ ಮಾತಾಡುವ ನಮ್ಮ ಅಜಾಕ್ಸ್ ಉಪಾಯವನ್ನೇ ಅವನು ಬಳಸಿದ್ದು. ಇಪ್ಪತ್ತು ಗಂಟೆಯೊಳಗೆ ಹತ್ತು ಲಕ್ಷಕ್ಕೂ ಹೆಚ್ಚು ಮಂದಿ ಅವನ ‘ಗೆಳೆಯ’ರಾದರು; ಮೈಸ್ಪೇಸ್ ತಾಣವನ್ನೇ ಕೆಲಕಾಲ ಮುಚ್ಚಬೇಕಾಯಿತು. ಹುಡುಗಾಟಕ್ಕೆ ಮಾಡಿದ್ದು. ಆದರೆ ಕೋರ್ಟು ಹುಡುಗಾಟ ಎನ್ನಲಿಲ್ಲ. 2007ರಲ್ಲಿ ಅವನು ತಪ್ಪೊಪ್ಪಿಕೊಂಡು ಶಿಕ್ಷೆಗೆ ಒಳಗಾದ. ಕೈ ಚುರುಕಾಗಿರುವ ಮಕ್ಕಳ ಅಪ್ಪ-ಅಮ್ಮಂದಿರು ಈ ಕತೆಯನ್ನು ಊಟದ ಹೊತ್ತಿನಲ್ಲಿ ಒಮ್ಮೆ ಹೇಳಬಹುದು.

ಹೆತ್ತವರು ಗಮನಿಸಬೇಕಾದ್ದು ಮತ್ತೊಂದಿದೆ. ಪುಟದ ಒಳಗೆ ಬಿಡಿಸಿದ ಪೆಟ್ಟಿಗೆ ಹೇಗೆ ಬೇಕಾದರೂ ಕಾಣಬಹುದು. ಮೇಲೊಂದು ವಿಳಾಸದ ಪಟ್ಟಿ, ಬೀಗದ ಚಿತ್ರ, ಗೂಗಲ್‌ನ ಗುರುತು, ಕೆಳಗೆ ಪಾಸ್‌ವರ್ಡ್ ಕೇಳುವ ಜಾಗ, ಎಲ್ಲವನ್ನೂ ಬಿಡಿಸಬಹುದು. ಆ ವಿಳಾಸ ಪಟ್ಟಿ ಬರೀ ಚಿತ್ರ. 2022ರಲ್ಲಿ ಭದ್ರತಾ ತಜ್ಞರು ಇದನ್ನು ‘ಬ್ರೌಸರಿನೊಳಗಿನ ಬ್ರೌಸರ್’ ಎಂದು ಕರೆದು ಎಚ್ಚರಿಸಿದರು. ಕಂಪ್ಯೂಟರಿನಲ್ಲಿ ಇದನ್ನು ಪರೀಕ್ಷಿಸುವುದು ಸುಲಭ. ಪೆಟ್ಟಿಗೆಯ ತಲೆ ಹಿಡಿದು ಬ್ರೌಸರಿನ ಅಂಚಿನಾಚೆ ಎಳೆಯಿರಿ. ನಿಜವಾದ ಕಿಟಕಿ ಹೊರಗೆ ಬರುತ್ತದೆ, ಚಿತ್ರದ ಕಿಟಕಿ ಅಂಚಿನಲ್ಲೇ ತಡೆದುಹೋಗುತ್ತದೆ. ‘ನಿಮ್ಮ ಕಂಪ್ಯೂಟರಿಗೆ ವೈರಸ್ ತಗುಲಿದೆ, ಈ ನಂಬರಿಗೆ ಕರೆ ಮಾಡಿ’ ಎಂಬ ಕೆಂಪು ಪೆಟ್ಟಿಗೆಯೂ ಇದೇ ಜಾತಿಯದು. ಯಾವುದೋ ಪುಟ ಬಿಡಿಸಿದ ಚಿತ್ರಕ್ಕೆ ನಿಮ್ಮ ಕಂಪ್ಯೂಟರಿನ ಆರೋಗ್ಯ ಹೇಗೆ ಗೊತ್ತಾದೀತು?

ಪೆಟ್ಟಿಗೆಯ ಭಾಷೆಯಲ್ಲೂ ಮೋಸ ಇರುತ್ತದೆ. ಕೆಲವೊಮ್ಮೆ ಅದು ಮೋಸವೂ ಅಲ್ಲ, ಬರೀ ಅನುವಾದದ ಅವಾಂತರ. ‘ಅರ್ಜಿಯನ್ನು ರದ್ದು ಮಾಡಬೇಕೆ?’ ಎಂದು ಪ್ರಶ್ನೆ. ಕೆಳಗೆ ಎರಡು ಗುಂಡಿ: ‘ಸರಿ’, ‘ರದ್ದು’. ಅರ್ಜಿ ಉಳಿಯಬೇಕೆನ್ನುವವರು ಯಾವುದನ್ನು ಒತ್ತಬೇಕು? ‘ರದ್ದು’ ಒತ್ತಬೇಕು, ಯಾಕೆಂದರೆ ಅದು ರದ್ದು ಮಾಡುವುದನ್ನು ರದ್ದು ಮಾಡುತ್ತದೆ! ‘ಅರ್ಜಿ ಉಳಿಸಿ’, ‘ಅರ್ಜಿ ಅಳಿಸಿ’ ಎಂದು ಕನ್ನಡದಲ್ಲಿ ನೆಟ್ಟಗೆ ಬರೆದಿದ್ದರೆ ಯಾರಿಗೆ ಏನು ಗಂಟು ಹೋಗುತ್ತಿತ್ತು? ಬೇಕೆಂದೇ ಹೀಗೆ ಗೊಂದಲ ಮಾಡುವುದು, ಪದೇ ಪದೇ ಪೆಟ್ಟಿಗೆ ತೆರೆದು ಪೀಡಿಸುವುದು, ಬೇಡವೆಂದವರನ್ನು ನಾಚಿಸುವಂತೆ ಬರೆಯುವುದು, ಇವನ್ನೆಲ್ಲ ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರಿನಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ ‘ಡಾರ್ಕ್ ಪ್ಯಾಟರ್ನ್’ ಎಂದು ಕರೆದಿದೆ. ಒಟ್ಟು ಹದಿಮೂರು ಬಗೆಯನ್ನು ಪಟ್ಟಿ ಮಾಡಿ, ವ್ಯಾಪಾರದವರು ಅವನ್ನು ಬಳಸಕೂಡದು ಎಂದಿದೆ.

ಕಾಣದವರಿಗೆ ಪೆಟ್ಟಿಗೆ

ಪುಟ ಮಬ್ಬಾಗುವುದು, ಪೆಟ್ಟಿಗೆ ಬೆಳ್ಳಗೆ ಹೊಳೆಯುವುದು, ಇವೆಲ್ಲ ಕಣ್ಣಿದ್ದವರಿಗೆ. ಅಂಧ ವಿದ್ಯಾರ್ಥಿಗಳು ಪರದೆಯನ್ನು ಕಿವಿಯಿಂದ ಓದುತ್ತಾರೆ. ಆಸ್ಟ್ರೇಲಿಯಾದ ಮೈಕಲ್ ಕರನ್, ಸ್ವತಃ ದೃಷ್ಟಿಯಿಲ್ಲದವರು, 2006ರಲ್ಲಿ ಆರಂಭಿಸಿದ ‘ಎನ್‌ವಿಡಿಎ’ ಎಂಬ ತಂತ್ರಾಂಶ ಪರದೆಯ ಮೇಲಿನದನ್ನು ಗಟ್ಟಿಯಾಗಿ ಓದಿ ಹೇಳುತ್ತದೆ. ದುಡ್ಡು ಕೊಡಬೇಕಿಲ್ಲ. ‘ಇ-ಸ್ಪೀಕ್’ ಎಂಬ ಧ್ವನಿಯ ನೆರವಿನಿಂದ ಕನ್ನಡವನ್ನೂ ಓದುತ್ತದೆ. ಉಚ್ಚಾರ ಸ್ವಲ್ಪ ಯಂತ್ರದ್ದೇ, ಆದರೆ ಅರ್ಥವಾಗುತ್ತದೆ.

ಈಗ ನಮ್ಮ ಅಂಕಪಟ್ಟಿಯ ಪುಟಕ್ಕೆ ಅಂಥ ವಿದ್ಯಾರ್ಥಿನಿಯೊಬ್ಬಳು ಬಂದಳೆನ್ನಿ. ಟ್ಯಾಬ್ ಗುಂಡಿ ಒತ್ತುತ್ತ ಒತ್ತುತ್ತ 12ಕ್ಕೆ ಬಂದು ಎಂಟರ್ ಒತ್ತುತ್ತಾಳೆ. ಪೆಟ್ಟಿಗೆ ತೆರೆಯಿತು. ಆದರೆ ಅವಳಿಗೆ ಯಾರೂ ಹೇಳಲಿಲ್ಲ! ಯಂತ್ರದ ಗಮನ ಇನ್ನೂ ಹಿಂದಿನ ಪುಟದ 12ರ ಮೇಲೆಯೇ ಇದೆ. ಮತ್ತೆ ಟ್ಯಾಬ್ ಒತ್ತಿದರೆ 13, 14, 15 ಎಂದು ಮಬ್ಬಿನ ಹಿಂದೆಯೇ ಓದುತ್ತ ಹೋಗುತ್ತದೆ. ಅಂಕ ಬಂದು ಮುಂದೆ ನಿಂತಿದೆ, ಅವಳು ಅದರ ಬೆನ್ನ ಹಿಂದೆ ಅಲೆಯುತ್ತಿದ್ದಾಳೆ. ಕೌನ್ಸೆಲಿಂಗ್‌ನ ಕೊನೆಯ ದಿನ ಇಂಥ ಪುಟದ ಮುಂದೆ ಕುಳಿತವರ ಪಾಡನ್ನು ಯೋಚಿಸಿ.

ಹೀಗಾಗದಿರಲು ಮಾಡಬೇಕಾದ್ದು ಇಷ್ಟೆ. ಪೆಟ್ಟಿಗೆ ತೆರೆದ ಕೂಡಲೇ ಗಮನವನ್ನು ಅದರೊಳಕ್ಕೆ ಒಯ್ಯಬೇಕು. ತೆರೆದಿರುವಷ್ಟು ಹೊತ್ತು ಹಿಂದಿನ ಪುಟವನ್ನು ಕೀಲಿಮಣೆಗೂ ಮುಚ್ಚಬೇಕು. ಎಸ್ಕೇಪ್ ಗುಂಡಿಗೆ ಪೆಟ್ಟಿಗೆ ಮುಚ್ಚಬೇಕು. ಮುಚ್ಚಿದ ಮೇಲೆ ಹೊರಟ ಜಾಗಕ್ಕೇ ಮರಳಬೇಕು. ಸರಕು ತಡವಾಗಿ ಬಂದರೆ ‘ಬಂತು’ ಎಂದು ಧ್ವನಿಗೂ ತಿಳಿಯಬೇಕು. ಹಿಂದೆ ಇದನ್ನೆಲ್ಲ ಕೈಯಾರೆ ಬರೆಯಬೇಕಿತ್ತು, ಆದ್ದರಿಂದ ಬಹಳ ಜನ ಬರೆಯುತ್ತಿರಲಿಲ್ಲ. ಈಗ ಆ ನೆಪವಿಲ್ಲ. ಎಚ್‌ಟಿಎಂಎಲ್‌ನಲ್ಲೇ ‘ಡಯಲಾಗ್’ ಎಂಬ ಅಂಗವಿದೆ. ಕ್ರೋಮ್ ಅದನ್ನು 2014ರಲ್ಲೇ ತಂದಿತ್ತು, ಫೈರ್‌ಫಾಕ್ಸ್ ಮತ್ತು ಸಫಾರಿ 2022ರ ಮಾರ್ಚಿನಲ್ಲಿ ಜೊತೆಗೂಡಿದವು. ‘ಶೋ ಮೋಡಲ್’ ಎಂದು ಕರೆದರೆ ಸಾಕು, ಮೇಲಿನ ಪಟ್ಟಿಯ ಮೊದಲ ನಾಲ್ಕನ್ನೂ ಬ್ರೌಸರೇ ನೋಡಿಕೊಳ್ಳುತ್ತದೆ. ಸರಕು ತರಿಸುವುದು, ಬಂತೆಂದು ಹೇಳುವುದು ಮಾತ್ರ ನಿಮ್ಮ ಪಾಲು.

ಕನ್ನಡದ ಪುಟ ಕಟ್ಟುವವರಿಗೆ ಒಂದು ಕಿವಿಮಾತು. ಫೆಚ್ ತಂದ ಪಠ್ಯವನ್ನು ಬ್ರೌಸರ್ ಯಾವಾಗಲೂ ಯುಟಿಎಫ್-8 ಎಂದೇ ಓದುತ್ತದೆ. ಅದರಲ್ಲಿ ಕನ್ನಡದ ಒಂದೊಂದು ಸಂಕೇತಕ್ಕೂ ಮೂರು ಬೈಟು ಬೇಕು. ‘ಕ್ಷ’ ಒಂದೇ ಅಕ್ಷರದಂತೆ ಕಂಡರೂ ಮೂರು ಸಂಕೇತ ಸೇರಿ ಒಂಬತ್ತು ಬೈಟು. ಕಾಲೇಜಿನ ಹಳೆಯ ಅಂಕಪಟ್ಟಿಗಳು ಯುನಿಕೋಡ್‌ಗೆ ಮುಂಚಿನ ಫಾಂಟುಗಳಲ್ಲಿ ಬೆರಳಚ್ಚಾಗಿದ್ದರೆ, ಪೆಟ್ಟಿಗೆಯಲ್ಲಿ ಹೆಸರಿನ ಬದಲು ಅರ್ಥವಿಲ್ಲದ ರೋಮನ್ ಅಕ್ಷರಗಳ ಸಂತೆ ಕಾಣುತ್ತದೆ. ಮೊದಲು ಅವನ್ನು ಪರಿವರ್ತಿಸಿಕೊಳ್ಳಿ.

ಮನೆಯಲ್ಲಿ ಕಂಪ್ಯೂಟರ್ ಇದ್ದರೆ ಇದನ್ನೆಲ್ಲ ಈ ವಾರವೇ ಮಾಡಿ ನೋಡಬಹುದು. ಕಡತದ ಮೇಲೆ ಎರಡು ಸಲ ಒತ್ತಿ ಪುಟ ತೆರೆದರೆ ಫೆಚ್ ಕೆಲಸ ಮಾಡುವುದಿಲ್ಲ, ಸುರಕ್ಷತೆಗಾಗಿ ಬ್ರೌಸರ್ ಬಿಡುವುದಿಲ್ಲ. ಪೈಥಾನ್ ಇದ್ದರೆ ಒಂದೇ ಸಾಲಿನ ಆಜ್ಞೆಯಿಂದ ಪುಟ್ಟದೊಂದು ಸರ್ವರ್ ಎಬ್ಬಿಸಿಕೊಳ್ಳಿ. ಬೇರೆಯವರ ತಾಣದಿಂದ ಸರಕು ತರಿಸಲು ಹೋಗಬೇಡಿ, ಅವರ ಒಪ್ಪಿಗೆ ಇಲ್ಲದೆ ಬ್ರೌಸರ್ ಅದನ್ನು ನಿಮಗೆ ಓದಗೊಡುವುದಿಲ್ಲ. ಅಂಕದ ತುಣುಕುಗಳನ್ನು ಬೇರೆ ಬೇರೆ ಕಡತ ಮಾಡಿ ಪಕ್ಕದಲ್ಲೇ ಇಡಿ. ಪೆಟ್ಟಿಗೆ ತೆರೆದು ಅಂಕ ಕಂಡ ಮೇಲೆ ಮೌಸನ್ನು ಪಕ್ಕಕ್ಕಿಟ್ಟು ಬರೀ ಟ್ಯಾಬ್, ಎಂಟರ್, ಎಸ್ಕೇಪ್‌ಗಳಲ್ಲಿ ಎಲ್ಲ ನಡೆಯುತ್ತದೆಯೇ ನೋಡಿ. ಆಮೇಲೆ ಎಫ್12 ಒತ್ತಿ, ‘ನೆಟ್‌ವರ್ಕ್’ ಎಂಬ ವಿಭಾಗಕ್ಕೆ ಹೋಗಿ. ಒಂದೊಂದು ಸಂಖ್ಯೆ ಒತ್ತಿದಾಗಲೂ ಯಾವ ಕಡತ ಬಂತು, ಎಷ್ಟು ಹೊತ್ತು ಹಿಡಿಯಿತು ಎಂದು ಅಲ್ಲಿ ಸಾಲಾಗಿ ಕಾಣುತ್ತದೆ. ಅಲ್ಲೇ ವೇಗ ತಗ್ಗಿಸುವ ಆಯ್ಕೆಯೂ ಇದೆ. ಅದನ್ನು ತೀರಾ ನಿಧಾನಕ್ಕೆ ಇಳಿಸಿ, 11 ಒತ್ತಿ, ಎಸ್ಕೇಪ್ ಒತ್ತಿ, ಕೂಡಲೇ 12 ಒತ್ತಿ. ಪೆಟ್ಟಿಗೆಯಲ್ಲಿ ಯಾರ ಅಂಕ ಉಳಿಯಿತು ನೋಡಿ. ಆಮೇಲೆ ‘ಆಫ್‌ಲೈನ್’ ಆರಿಸಿ 13 ಒತ್ತಿ. ಸಂಪರ್ಕ ಸಿಗಲಿಲ್ಲ ಎಂದು ಕನ್ನಡದಲ್ಲಿ ಹೇಳಿ, ಮತ್ತೆ ಪ್ರಯತ್ನಿಸಲು ಒಂದು ಗುಂಡಿ ತೋರಿಸಿದರೆ ನಿಮ್ಮ ಪುಟ ಕಾಲೇಜಿಗೆ ಕೊಡಲು ಸಿದ್ಧ. ಚಕ್ರ ತಿರುಗುತ್ತಲೇ ಇದ್ದರೆ ಇನ್ನೊಂದು ಭಾನುವಾರ ಬೇಕು.